ತೀರುವಳಿ

ನಮ್ಮ ತಂದೆ ರಾಯಚೂರಿನ ಕೃಷಿ ಮಾರುಕಟ್ಟೆಯಾದ ರಾಜೇಂದ್ರ ಗಂಜಿನ ಅಡತಿ ಅಂಗಡಿಯೊಂದರಲ್ಲಿ 44 ವರ್ಷ ಗುಮಾಸ್ತರಾಗಿದ್ದರು. ಹತ್ತಿ ಬರುವ ತಿಂಗಳುಗಳಲ್ಲಿ ಬೆಳಿಗ್ಗೆ ಏಳಕ್ಕೆ ಮನೆ ಬಿಟ್ಟವರು ದಿನದ ಶಿಲ್ಕು ತಾಳೆಯಾಗುವ ತನಕ ತಿರುಗಿ ಬರುತ್ತಿರಲಿಲ್ಲ. ಎಂಟಾಣೆ ಹೆಚ್ಚುಕಡಿಮೆ ಕಂಡರೂ ಕಿರ್ದಿಯನ್ನು ಮೊದಲ ಸಾಲಿನಿಂದ ಮತ್ತೆ ಕೂಡಿಸುತ್ತಿದ್ದರು. ರಾತ್ರಿ ಬಂದಾಗ ಅವರ ಹುಬ್ಬಿಗೂ ಕಿವಿಯ ಕೂದಲಿಗೂ ಹತ್ತಿಯ ಎಳೆಗಳು ಅಂಟಿಕೊಂಡಿರುತ್ತಿದ್ದವು. ಅಂಗಳದ ದೀಪದ ಕೆಳಗೆ ಅವ್ವ ಅವುಗಳನ್ನು ಒಂದೊಂದಾಗಿ ಬಿಡಿಸುತ್ತಿದ್ದಳು. ಅವರು ಕಣ್ಣು ಮುಚ್ಚಿಕೊಂಡು ನಿಂತಿರುತ್ತಿದ್ದರು.

2023ರ ಫೆಬ್ರವರಿಯಲ್ಲಿ, ಶಿವರಾತ್ರಿ ಕಳೆದ ಒಂಬತ್ತನೆಯ ದಿನ, ಅವರು ತೀರಿಕೊಂಡರು. ವಯಸ್ಸು 79. ತೀರಿಕೊಂಡರು ಎಂಬ ಮಾತನ್ನು ಸಾವಿರ ಸಲ ಆಡಿದ್ದೇನೆ, ಆದರೆ ಅದರೊಳಗೆ ಏನಿದೆಯೆಂದು ನಿಂತು ನೋಡಿರಲಿಲ್ಲ. ನಮ್ಮ ಭಾಷೆಯಲ್ಲಿ ಸಾಲ ತೀರುತ್ತದೆ, ವ್ಯಾಜ್ಯ ತೀರುತ್ತದೆ, ಬಾಯಾರಿಕೆ ತೀರುತ್ತದೆ, ಮನುಷ್ಯನೂ ತೀರುತ್ತಾನೆ. ಸತ್ತ ಸುದ್ದಿ ಕೇಳಿದ ಮುದುಕರು ಋಣ ತೀರಿತು ಎನ್ನುವುದನ್ನು ಚಿಕ್ಕವನಿದ್ದಾಗಿನಿಂದ ಕೇಳಿದವನು ನಾನು. ಅದನ್ನು ಬರೀ ನಿಟ್ಟುಸಿರಿನ ಮಾತೆಂದುಕೊಂಡಿದ್ದೆ. ತಂದೆಯವರ ಕೊನೆಯ ಹನ್ನೊಂದು ವಾರಗಳಲ್ಲಿ ಅದು ಒಬ್ಬ ಗುಮಾಸ್ತನ ಕೈಯಲ್ಲಿ ಅಕ್ಷರಶಃ ನಡೆದದ್ದನ್ನು ನೋಡಿದೆ. ಅದನ್ನು ಬರೆದಿಡಬೇಕೆಂದು ಎರಡು ವರ್ಷದಿಂದ ಹೆಣಗುತ್ತಿದ್ದೇನೆ.

ಪ್ರಾಸ್ಟೇಟ್ ಗ್ರಂಥಿಯಲ್ಲಿ ಶುರುವಾದ ಕ್ಯಾನ್ಸರ್ ಬೆನ್ನುಮೂಳೆಗೂ ಸೊಂಟದ ಮೂಳೆಗೂ ಇಳಿದಿತ್ತು. ಒಂದೂವರೆ ವರ್ಷದ ಔಷಧ, ಇಂಜೆಕ್ಷನ್, ಸ್ಕ್ಯಾನುಗಳ ಕಥೆಯನ್ನು ಇಲ್ಲಿ ಹೇಳುವುದಿಲ್ಲ; ಅಂಥ ಕಥೆ ಈಗ ಎಲ್ಲ ಓಣಿಗಳಲ್ಲೂ ಇದೆ. 2022ರ ಡಿಸೆಂಬರಿನಲ್ಲಿ ದೊಡ್ಡ ಊರಿನ ದೊಡ್ಡ ಆಸ್ಪತ್ರೆಯೊಂದರಲ್ಲಿ ವೈದ್ಯರು ಮಂಚದ ಮೇಲಿದ್ದ ತಂದೆಯವರನ್ನು ದಾಟಿ ನನ್ನ ಮುಖ ನೋಡುತ್ತ, "ಇನ್ನು ಮಾಡೋದು ಏನೂ ಇಲ್ಲ. ಮನೆಗೆ ಕರಕೊಂಡು ಹೋಗಿ, ಕೇಳಿದ್ದು ಕೊಡಿ" ಎಂದರು. ಅವರ ಮಾತಿನಲ್ಲಿ ಸಿಟ್ಟಿರಲಿಲ್ಲ, ಕೆಟ್ಟತನವೂ ಇರಲಿಲ್ಲ. ಹೊರಗೆ ಇನ್ನೂ ಐವತ್ತು ಜನ ಕಾಯುತ್ತಿದ್ದರು. ರೈಲಿನಲ್ಲಿ ಹಿಂದಿರುಗುವಾಗ ಬಹಳ ಹೊತ್ತು ಕಿಟಕಿಯಾಚೆ ನೋಡುತ್ತ ಮಲಗಿದ್ದ ತಂದೆ ಒಮ್ಮೆಲೇ ಕೇಳಿದರು: "ಮಾಡೋದು ಏನೂ ಇಲ್ಲ ಅಂದ್ರಲ್ಲ, ಅದು ಅವರಿಗೋ, ನನಗೋ?"

ನಾನು ಉತ್ತರ ಕೊಡಲಿಲ್ಲ. ಪ್ರಶ್ನೆಯ ತೂಕವೂ ಆಗ ನನಗೆ ಗೊತ್ತಾಗಲಿಲ್ಲ.

ಮೊದಲ ಎರಡು ವಾರ ಮನೆಯಲ್ಲಿ ನಡೆದದ್ದನ್ನು ನೆನೆದರೆ ಈಗಲೂ ನಾಚಿಕೆಯಾಗುತ್ತದೆ. ನೋವು ಹಗಲೆಲ್ಲ ಮಗ್ಗುಲಲ್ಲಿ ಕೂತಿದ್ದು ರಾತ್ರಿ ಎದ್ದು ನಿಲ್ಲುತ್ತಿತ್ತು. ಎಡಕ್ಕೆ ಹೊರಳಿದರೆ ಸೊಂಟ, ಬಲಕ್ಕೆ ಹೊರಳಿದರೆ ಪಕ್ಕೆಲುಬು. ನೋಡಲು ಬಂದವರೆಲ್ಲ ತಮ್ಮ ತಮ್ಮ ಸಮಾಧಾನವನ್ನು ಹೊತ್ತು ತರುತ್ತಿದ್ದರು: ಒಬ್ಬರು ವಿಭೂತಿ, ಒಬ್ಬರು ಯಾವುದೋ ಊರಿನ ನಾಟಿ ಔಷಧ, ಒಬ್ಬರು ದೇಹ ಬರೀ ಬಟ್ಟೆ, ಆತ್ಮಕ್ಕೆ ಸಾವಿಲ್ಲ ಎಂಬ ಮಾತು. ನಾನೂ ಹಿಂದೆ ಬೀಳಲಿಲ್ಲ. ಮೊಬೈಲಿನಲ್ಲಿ ಒಂದು ಪ್ರವಚನ ಹಚ್ಚಿ ಅವರ ತಲೆದಿಂಬಿನ ಪಕ್ಕ ಇಟ್ಟೆ. ಹತ್ತು ನಿಮಿಷ ಕೇಳಿ, ಹಲ್ಲು ಕಚ್ಚಿಕೊಂಡೇ ಅವರು ಹೇಳಿದರು: "ಅದನ್ನ ಬಂದ್ ಮಾಡಪ್ಪ. ಬೆನ್ನು ಸೀಳಾಕತ್ತೈತಿ, ಆತ್ಮದ ಸುದ್ದಿ ಆಮ್ಯಾಲ ನೋಡೋಣು." ಅವರು ದೈವಭಕ್ತಿ ಇಲ್ಲದವರಲ್ಲ, ದಿನಾ ಇಷ್ಟಲಿಂಗ ಪೂಜೆ ಮಾಡಿಕೊಂಡವರು. ಆ ಹೊತ್ತಿಗೆ ಅಂಗೈ ಮೇಲೆ ಲಿಂಗ ಹಿಡಿದು ನೆಟ್ಟಗೆ ಕೂರುವುದೇ ಅವರಿಂದ ಆಗುತ್ತಿರಲಿಲ್ಲ.

ಗಂಜಿನ ಪಕ್ಕದ ಔಷಧ ಅಂಗಡಿಯ ಹುಡುಗನೊಬ್ಬ ಹೇಳಿದ ಮೇಲೆ ಹೈದರಾಬಾದಿನ ಒಂದು ಸರ್ಕಾರಿ ಆಸ್ಪತ್ರೆಯಲ್ಲಿ ಉಪಶಮನ ಚಿಕಿತ್ಸೆಯ, ಅಂದರೆ ರೋಗ ವಾಸಿಯಾಗದಿದ್ದರೂ ನೋವು ಇಳಿಸುವ ಚಿಕಿತ್ಸೆಯ, ವಿಭಾಗವಿದೆ ಎಂಬುದು ಗೊತ್ತಾಯಿತು. ರಾಯಚೂರಿನವರಿಗೆ ಬೆಂಗಳೂರಿಗಿಂತ ಹೈದರಾಬಾದೇ ಹತ್ತಿರ. ಶಕ್ತಿನಗರದ ಹತ್ತಿರ ಕೃಷ್ಣೆಯ ಸೇತುವೆ ದಾಟಿದರೆ ಅರ್ಧ ಹಗಲಿನ ದಾರಿ. ಕಡತ ಹಿಡಿದುಕೊಂಡು ನಾನೊಬ್ಬನೇ ಹೋದೆ. ಅಲ್ಲಿಯ ವೈದ್ಯೆ ಸ್ಕ್ಯಾನ್ ನೋಡುವ ಮೊದಲು ಕೇಳಿದ್ದು, "ರಾತ್ರಿ ಎಷ್ಟು ತಾಸು ನಿದ್ದೆ ಮಾಡ್ತಾರೆ?" ಎಂದು. ಒಂದೂವರೆ ವರ್ಷದಲ್ಲಿ ಆ ಪ್ರಶ್ನೆಯನ್ನು ಯಾರೂ ಕೇಳಿರಲಿಲ್ಲ. ವಿಡಿಯೊ ಕರೆ ಮಾಡಿಸಿ ತಂದೆಯವರ ಜೊತೆ ತೆಲುಗಿನಲ್ಲಿ ಮಾತಾಡಿದರು (ಗಂಜಿನಲ್ಲಿ ದುಡಿದವರಿಗೆ ತೆಲುಗು ಬಾರದಿರುತ್ತದೆಯೇ), ಆಮೇಲೆ ಮಾರ್ಫಿನ್ ಮಾತ್ರೆ ಬರೆದುಕೊಟ್ಟರು. ನಾಲ್ಕು ತಾಸಿಗೊಂದು; ನಡುರಾತ್ರಿ ಎಬ್ಬಿಸಬಾರದೆಂದು ಮಲಗುವಾಗ ಎರಡು; ಮತ್ತು ಮೊದಲ ದಿನದಿಂದಲೇ ತಪ್ಪದೆ ಮಲ ಸಡಿಲವಾಗಲು ಒಂದು ಔಷಧ, ಏಕೆಂದರೆ ಮಾರ್ಫಿನ್ ಕರುಳನ್ನು ಕಟ್ಟಿಹಾಕುತ್ತದೆ. ನೋವು ಬಂದ ಮೇಲೆ ಕೊಡಬಾರದು, ಬರುವ ಮೊದಲೇ ಗಡಿಯಾರ ನೋಡಿ ಕೊಡಬೇಕು ಎಂದು ಮೂರು ಸಲ ಹೇಳಿದರು.

ಮನೆಯಲ್ಲಿ ಗದ್ದಲವೆದ್ದಿತು. ಅತ್ತೆ, ಅಂದರೆ ತಂದೆಯ ತಂಗಿ, ಮಾತ್ರೆಯ ಪೊಟ್ಟಣ ಮುಟ್ಟಲೂ ಒಪ್ಪಲಿಲ್ಲ: "ಅದು ಅಫೀಮು. ಚಟ ಹತ್ತತೈತಿ." ಅಫೀಮಿನಿಂದಲೇ ಬರುವುದು ನಿಜ. ಮಧ್ಯಪ್ರದೇಶ, ರಾಜಸ್ಥಾನ, ಉತ್ತರಪ್ರದೇಶಗಳಲ್ಲಿ ಸರ್ಕಾರದ ಪರವಾನಗಿಯಿಂದಲೇ ಗಸಗಸೆ ಬೆಳೆದು ಅಫೀಮು ತೆಗೆಯುತ್ತಾರೆ, ಹೊರದೇಶಗಳಿಗೂ ಕಳಿಸುತ್ತಾರೆ. ಆದರೆ 1985ರ ಮಾದಕವಸ್ತು ಕಾಯ್ದೆಯ ಬಿಗಿಯಲ್ಲಿ ಅದೇ ದೇಶದ ರೋಗಿಗಳಿಗೆ ಮಾತ್ರೆ ಸಿಗದಂತಾಗಿತ್ತು. 2014ರ ತಿದ್ದುಪಡಿಯ ನಂತರ ಮಾನ್ಯತೆ ಪಡೆದ ಆಸ್ಪತ್ರೆಗಳು ಇಟ್ಟುಕೊಳ್ಳುವುದು ಸುಲಭವಾಗಿದೆ ಎನ್ನುತ್ತಾರೆ. ಸುಲಭವಾದದ್ದು ನನ್ನ ಕಣ್ಣಿಗೆ ಬಿದ್ದದ್ದು ಇನ್ನೂರು ಕಿಲೊಮೀಟರ್ ಆಚೆ. ಉಪಶಮನ ಚಿಕಿತ್ಸೆ ಬೇಕಾದವರಲ್ಲಿ ಅದು ದೊರೆಯುವುದು ಜಗತ್ತಿನಲ್ಲಿ ಶೇ. 14ರಷ್ಟು ಜನರಿಗೆ ಮಾತ್ರ ಎಂದು ವಿಶ್ವ ಆರೋಗ್ಯ ಸಂಸ್ಥೆಯೇ ಹೇಳುತ್ತದೆ. ಅತ್ತೆಗೆ ನಾನು ಇದ್ಯಾವುದನ್ನೂ ಹೇಳಲಿಲ್ಲ. "79ನೇ ವಯಸ್ಸಿಗೆ ಚಟ ಹತ್ತಿದ್ರ ಹತ್ತಲಿ" ಎಂದು ತಂದೆಯೇ ಮಾತ್ರೆ ಕೇಳಿ ತೆಗೆದುಕೊಂಡರು.

ಮೂರನೆಯ ರಾತ್ರಿ ಅವರು ಐದು ತಾಸು ಮಲಗಿದರು. ನಾಲ್ಕನೆಯ ಬೆಳಿಗ್ಗೆ ಚಹಾ ಕುಡಿದು, ಗೋಡೆಗೆ ಒರಗಿ ಕೂತು, ಒಂದು ಹೊಸ ಖಾತೆ ಪುಸ್ತಕ ತರಲು ಹೇಳಿದರು. ಕೆಂಪು ಬಟ್ಟೆಯ ರಟ್ಟಿನದೇ ಆಗಬೇಕು, ಗೆರೆ ಹೊಡೆದದ್ದು, ಪಟೇಲ್ ರಸ್ತೆಯಲ್ಲಿ ಸಿಗುತ್ತದೆ.

ಮೊದಲ ಪುಟದ ನೆತ್ತಿಯ ಮೇಲೆ "ಶ್ರೀ" ಬರೆದರು. ಕೆಳಗೆ ತಾರೀಖು. ಜಮಾ ಎಡಕ್ಕೆ, ಖರ್ಚು ಬಲಕ್ಕೆ. ಬೆರಳುಗಳಿಗೆ ಬಲ ಇಲ್ಲದ್ದರಿಂದ ಆರೇಳು ಸಾಲಿಗೆ ಪೆನ್ನು ನನ್ನ ಕೈಗೆ ಬಂತು. ಆದರೆ ಅಂಕಿಗಳನ್ನು ಮಾತ್ರ ಅವರೇ ಬರೆಯುತ್ತಿದ್ದರು, ನನ್ನ ಐದು ನೋಡಿದರೆ ಆರಿನಂತೆ ಕಾಣುತ್ತದೆ ಎಂಬ ಹಳೆಯ ದೂರಿನೊಂದಿಗೆ. ಅದರಲ್ಲಿ ದುಡ್ಡಿನ ಬಾಬ್ತುಗಳಿದ್ದವು: ಸೊಸೈಟಿಯ ಷೇರು 500 ರೂಪಾಯಿ, ಮಠದ ದಾಸೋಹಕ್ಕೆ ಹೇಳಿಕೊಂಡಿದ್ದ ಒಂದು ಚೀಲ ಜೋಳ, ಹಮಾಲನೊಬ್ಬನಿಂದ ಬರಬೇಕಾದ 300 ರೂಪಾಯಿ. ದುಡ್ಡಿನಲ್ಲಿ ಹೇಳಲಾಗದವೂ ಇದ್ದವು. ಅವ್ವನನ್ನು ಶ್ರೀಶೈಲಕ್ಕೆ ಕರೆದುಕೊಂಡು ಹೋಗುತ್ತೇನೆಂದು ಹೇಳಿ ಹೋಗದೇ ಉಳಿದದ್ದು ಖರ್ಚಿನ ಕಡೆ, ಮೊತ್ತದ ಜಾಗದಲ್ಲಿ ಒಂದು ಅಡ್ಡಗೆರೆ. ನನ್ನ ಹತ್ತನೆಯ ತರಗತಿಯ ವರ್ಷ ಎಲ್ಲರೆದುರು ಕಪಾಳಕ್ಕೆ ಹೊಡೆದದ್ದು. ಅದನ್ನು ಬರೆಸುವಾಗ ಅವರು ನನ್ನ ಕಡೆ ನೋಡಲಿಲ್ಲ, ನಾನೂ ತಲೆ ಎತ್ತಲಿಲ್ಲ, ಬರೆದು ಮುಗಿದ ಮೇಲೆ "ಮುಂದ?" ಎಂದೆ.

ಸಾಯುವವರ ಸಮಾಧಾನ ಎಂಬ ವಿಷಯದ ಮೇಲೆ ಲೋಕದಲ್ಲಿ ಬೇಕಾದಷ್ಟು ಚಿಂತನೆ ನಡೆದಿದೆ, ನಾನು ಓದಿದ್ದು ಆಮೇಲೆ. ಲಂಡನ್ನಿನಲ್ಲಿ 1967ರಲ್ಲಿ ಸೇಂಟ್ ಕ್ರಿಸ್ಟೋಫರ್ಸ್ ಎಂಬ ಹಾಸ್ಪಿಸ್, ಅಂದರೆ ಸಾಯುವವರನ್ನು ನೋಡಿಕೊಳ್ಳುವ ಮನೆ, ತೆರೆದ ಸಿಸಿಲಿ ಸಾಂಡರ್ಸ್ ಮೊದಲು ನರ್ಸ್, ನಂತರ ಆಸ್ಪತ್ರೆಯ ಸಮಾಜಕಾರ್ಯಕರ್ತೆ, ಕೊನೆಗೆ ವೈದ್ಯೆ. ಸಾಯುವವನ ನೋವು ಮೈಯದು, ಮನಸ್ಸಿನದು, ಸಂಸಾರದ್ದು, ಆತ್ಮದ್ದು ಎಲ್ಲ ಕೂಡಿಕೊಂಡಿರುತ್ತದೆ ಎಂದು ಹೇಳಿದವರು ಅವರು. ಅವರು ನೋಡಿಕೊಳ್ಳುತ್ತಿದ್ದ ಡೇವಿಡ್ ಟಾಸ್ಮಾ ಎಂಬ ಪೋಲೆಂಡಿನ ಯಹೂದಿ, ತನ್ನ ಬದುಕಿನಿಂದ ಯಾರಿಗೂ ಏನೂ ಆಗಲಿಲ್ಲವೆಂದು ಕೊರಗುತ್ತಿದ್ದವನು, 1948ರಲ್ಲಿ ತೀರಿಕೊಳ್ಳುವಾಗ 500 ಪೌಂಡ್ ಬಿಟ್ಟುಹೋದ: ನಿಮ್ಮ ಮನೆಯಲ್ಲಿ ನಾನೊಂದು ಕಿಟಕಿಯಾಗುತ್ತೇನೆ ಎಂದು. ಮನೆ ಏಳಲು 19 ವರ್ಷ ಹಿಡಿಯಿತು, ಕಿಟಕಿಯನ್ನು ಇಟ್ಟರು. ಇದನ್ನು ಓದಿದಾಗ ನನಗೆ ಸಿಸಿಲಿಯವರ ದೊಡ್ಡ ಮನಸ್ಸಿಗಿಂತ ಆ ಮನುಷ್ಯನ ಜಮಾಖರ್ಚೇ ಹೆಚ್ಚು ಹತ್ತಿರವೆನಿಸಿತು. ಕೆನಡಾದ ಹಾರ್ವಿ ಚೊಚಿನಾವ್ ಎಂಬ ಮನೋವೈದ್ಯರು ರೋಗಿಯನ್ನು ಕೂಡಿಸಿಕೊಂಡು ಬದುಕಿನ ಕಥೆ ಕೇಳಿ, ಬರೆದು, ತಿದ್ದಿ, ಅವನ ಕೈಗೇ ಕೊಡುವ ಒಂದು ಕ್ರಮ ಮಾಡಿದ್ದಾರೆ. ಅದನ್ನು ಅವನು ತನ್ನವರಿಗೆ ಬಿಟ್ಟುಹೋಗಬಹುದು. ನಮ್ಮ ಮನೆಯಲ್ಲಿ ಕೇಳುವವರು ಯಾರೂ ಇರಲಿಲ್ಲ. ಬರೆಸುವವರು ತಾವೇ ಬರೆಸಿದರು, ತಮಗೆ ಗೊತ್ತಿದ್ದ ಏಕೈಕ ಕ್ರಮದಲ್ಲಿ.

ಎರಡನೆಯ ಪುಟದ ಮೂರನೆಯ ಬಾಬ್ತಿಗೆ ಬಂದಾಗ ಅವರು ಒಂದು ಹಗಲು ಸುಮ್ಮನಿದ್ದರು. ಮರುದಿನ ಹೇಳಿದರು.

1972ರ ಬರದ ವರ್ಷ. ಅವರಿಗಾಗ 28. ಸಿರವಾರದ ಆಚೆಯ ಒಂದು ಹಳ್ಳಿಯಿಂದ ರೈತನೊಬ್ಬ 14 ಅಂಡಿಗೆ, ಅಂದರೆ ದೊಡ್ಡ ಚೀಲ, ಹತ್ತಿ ತಂದಿದ್ದ. ಆ ವರ್ಷ ಅಷ್ಟು ಹತ್ತಿ ಕಂಡವರೇ ಕಡಿಮೆ. ಧಣಿ ಕಣ್ಸನ್ನೆ ಮಾಡಿದ. ಅಂಡಿಗೆಗೆ ಎರಡು ಕಿಲೊ ಕಡಿಮೆ ಬರೆಯಬೇಕು. ಅವರು ಬರೆದರು. ಆ ರೈತ ಓದಲು ಬಾರದವನು, ಚೀಟಿಯನ್ನು ಮಡಿಸಿ ಟೋಪಿಯೊಳಗೆ ಇಟ್ಟುಕೊಂಡು, ಇವರಿಗೆ ಕೈಮುಗಿದು ಹೋದ. "28 ಕಿಲೊ" ಎಂದು ತಂದೆ ಅಂಕಿ ಬರೆದರು, ಕೈ ನಡುಗದೆ. ರೈತನ ಹೆಸರು, ತಂದೆಯ ಹೆಸರು, ಊರು, ಎತ್ತುಗಳ ಬಣ್ಣ ಸಹ ನೆನಪಿತ್ತು. ಐವತ್ತು ವರ್ಷ ಅದು ಎಲ್ಲಿತ್ತೋ, ಇಂಥ ಎಷ್ಟು ಇದ್ದವೋ, ಇದೊಂದೇ ಏಕೆ ಮೇಲೆದ್ದಿತೋ ಎಂದು ನಾನು ಕೇಳಲಿಲ್ಲ. ಅಂದಿನ ದರವೋ ಇಂದಿನ ದರವೋ ಎಂದು ಮಾತ್ರ ಕೇಳಿದೆ. "ಇಂದಿಂದು. ಕ್ವಿಂಟಲಿಗೆ ಎಂಟು ಸಾವಿರ ಹಿಡಿ." 2,240 ರೂಪಾಯಿ.

ಜನವರಿಯ ಒಂದು ಬೆಳಿಗ್ಗೆ ಮೋಟಾರ್ ಸೈಕಲ್ ಹತ್ತಿ ಹೋದೆ. ಎರಡೂ ಕಡೆ ಎರೆಭೂಮಿ, ಹತ್ತಿ ಬಿಡಿಸುವ ಹೆಂಗಸರು, ಬಿಸಿಲಿನಲ್ಲಿ ಒಣಗುವ ಮೆಣಸಿನಕಾಯಿ. ಊರ ಅಗಸಿಯಲ್ಲಿ ಕೇಳಿದಾಗ ಮನೆ ಸಿಕ್ಕಿತು. ರೈತ ತೀರಿಕೊಂಡು ಬಹಳ ವರ್ಷವಾಗಿತ್ತು. ಮೊಮ್ಮಗ ನನ್ನನ್ನು ನಿಲ್ಲಿಸಿಯೇ ಮಾತಾಡಿಸಿದ. ರಾಯಚೂರಿನಿಂದ ಗುಮಾಸ್ತನ ಮಗನೊಬ್ಬ ತಾತನ ಹೆಸರು ಹಿಡಿದು ಹುಡುಕಿಕೊಂಡು ಬಂದರೆ ಹೊಲದ ತಕರಾರಲ್ಲದೆ ಇನ್ನೇನಿರುತ್ತದೆ? ಕೊನೆಗೆ ಒಳಗಿನಿಂದ ರೈತನ ಹೆಂಡತಿ ಬಂದಳು. ತೊಂಬತ್ತರ ಹತ್ತಿರದ ಮುದುಕಿ, ಬೆನ್ನು ಬಾಗಿ ನೆಲ ನೋಡುತ್ತ ನಡೆಯುವವಳು. ನಾನು ಎಲ್ಲವನ್ನೂ ಹೇಳಿದೆ. ಅವಳಿಗೆ ಹತ್ತಿ ನೆನಪಿರಲಿಲ್ಲ, ಅಂಡಿಗೆ ನೆನಪಿರಲಿಲ್ಲ. ಆ ವರ್ಷ ಎತ್ತುಗಳನ್ನು ಮಾರಿದ್ದು ನೆನಪಿತ್ತು, ಒಂದು ಕೂಸು ಹೋದದ್ದು ನೆನಪಿತ್ತು. ದುಡ್ಡನ್ನು ಕೈಗಿತ್ತಾಗ ಒಂದೊಂದೇ ನೋಟು ಎಣಿಸಿದಳು, ಸೊಂಟದ ಸಂಚಿಯಲ್ಲಿ ಸಿಕ್ಕಿಸಿಕೊಂಡಳು, ಆಮೇಲೆ ಮುಖ ಮೇಲೆತ್ತಿ, "ಬಡ್ಡಿ ಎಲ್ಲಿ?" ಎಂದಳು.

ನಾನು ತಬ್ಬಿಬ್ಬಾಗಿ ಜೇಬಿಗೆ ಕೈ ಹಾಕಿದೆ. ಮುದುಕಿ ಹಲ್ಲಿಲ್ಲದ ಬಾಯಿ ತೆರೆದು ನಕ್ಕಳು, ಮೊಮ್ಮಗನೂ ನಕ್ಕ, ಅಷ್ಟು ಹೊತ್ತಿಗೆ ಹೊರಸು ಬಂತು, ರೊಟ್ಟಿ ಬಂತು, ಪುಂಡಿಪಲ್ಯ ಬಂತು. ಹೊರಡುವಾಗ ಅವಳು ಹೇಳಿದ್ದು: "ನಿಮ್ಮಪ್ಪಗ ಹೇಳು, ಮುಟ್ಟಿತು ಅಂತ."

ಸಂಜೆ ಬಂದು ಹೇಳಿದಾಗ ತಂದೆ ಬಡ್ಡಿಯ ಮಾತಿಗೆ ಪಕ್ಕೆ ಹಿಡಿದುಕೊಂಡು ನಕ್ಕರು. ನಗುವಾಗ ನೋವಾಯಿತು, ಆದರೂ ಮತ್ತೊಮ್ಮೆ ಹೇಳಿಸಿಕೊಂಡರು. ನಂತರ ಪುಸ್ತಕ ಇಸಿದುಕೊಂಡು ಆ ಸಾಲಿನ ಮುಂದೆ, ಅಂಗಡಿಯಲ್ಲಿ ಸಾವಿರಾರು ಸಲ ಬರೆದ ಪದವನ್ನು ಬರೆದರು. ಮುಟ್ಟಿತು. ಅದರ ಕೆಳಗೆ ತಾರೀಖು, ರುಜು.

ಅದಾದ ಮೇಲೆ ಅವರಲ್ಲಿ ಬಂದ ಬದಲಾವಣೆಯನ್ನು ನಾನು ಹೆಚ್ಚಿಸಿ ಹೇಳಬಾರದು. ರೋಗ ತನ್ನ ದಾರಿಯಲ್ಲಿ ನಡೆಯುತ್ತಲೇ ಇತ್ತು, ಮಾತ್ರೆ ಹೆಚ್ಚಾಯಿತು, ಕಾಲುಗಳಲ್ಲಿ ಬಲ ಹೋಯಿತು. ಕೆಲವು ರಾತ್ರಿ ಹೆದರುತ್ತಿದ್ದರು. ದೀಪ ಆರಿಸಬೇಡ ಎನ್ನುತ್ತಿದ್ದರು. ಆದರೆ ಹಗಲಿಗೊಂದು ಕೆಲಸವಿತ್ತು. ಗಂಜಿನ ಹಳೆಯ ಜನ ಸಮಾಧಾನ ಹೇಳಲು ಬಂದವರು ಈಗ ಲೆಕ್ಕ ಕೇಳಲು, ಲೆಕ್ಕ ಕೊಡಲು ಕೂರುತ್ತಿದ್ದರು. ಒಬ್ಬ ದಲ್ಲಾಳಿ ಪಾಲುದಾರಿಕೆಯ ಜಗಳವನ್ನೇ ತಂದು ಮುಂದಿಟ್ಟ. ಮಂಚದ ಮೇಲಿಂದಲೇ ತಂದೆ ಅದನ್ನು ಅರ್ಧ ತಾಸಿನಲ್ಲಿ ಬಿಡಿಸಿದರು. ರೈಲಿನಲ್ಲಿ ಕೇಳಿದ ಪ್ರಶ್ನೆಗೆ ಅವರೇ ಉತ್ತರ ಹುಡುಕಿಕೊಂಡಿದ್ದರು: ಮಾಡುವುದು ಇಲ್ಲದಾಗಿದ್ದದ್ದು ವೈದ್ಯರಿಗೆ. ಅವರನ್ನು ನೋಡುತ್ತ ನನಗೆ ಖಾತ್ರಿಯಾದದ್ದು ಇಷ್ಟು. ಬದುಕಿನ ಅರ್ಥವನ್ನು ಸಾಯುವವನಿಗೆ ಹೊರಗಿನಿಂದ ತಂದು ಉಣಿಸಲು ನಾವು ಹೋಗುತ್ತೇವೆ, ಅದೂ ನೋವಿನಿಂದ ಅವನು ಬಾಯಿ ತೆರೆಯಲಾರದ ಹೊತ್ತಿನಲ್ಲಿ. ನೋವನ್ನು ಇಳಿಸಿ ಪಕ್ಕಕ್ಕೆ ಸರಿದು ನಿಂತರೆ ಅವನು ತನಗೆ ಗೊತ್ತಿರುವ ಕಸುಬಿನ ಕಡೆಗೇ ಕೈ ಚಾಚುತ್ತಾನೆ. ಕುಂಬಾರನಾಗಿದ್ದರೆ ಇನ್ನೇನೋ ಮಾಡುತ್ತಿದ್ದರು, ನಮ್ಮಪ್ಪ ಗುಮಾಸ್ತ.

ಆಸ್ಪತ್ರೆಗೆ ಮತ್ತೆ ಒಯ್ಯುವುದೋ ಬೇಡವೋ ಎಂಬ ಮಾತೂ ಅದೇ ಪುಸ್ತಕದಲ್ಲಿ ತೀರ್ಮಾನವಾಯಿತು. ಘನತೆಯಿಂದ ಸಾಯುವುದು ಬದುಕುವ ಹಕ್ಕಿನ ಭಾಗವೆಂದು ಸುಪ್ರೀಂ ಕೋರ್ಟು 2018ರ ಮಾರ್ಚ್ 9ರಂದು ಹೇಳಿತ್ತು. ಕೃತಕ ಉಪಕರಣಗಳಿಂದ ಉಸಿರು ಎಳೆಯುವುದು ಬೇಡವೆಂದು ಮೊದಲೇ ಬರೆದಿಡಲು ಅದು ಇಟ್ಟಿದ್ದ ಮ್ಯಾಜಿಸ್ಟ್ರೇಟರ ರುಜುವಿನ ನಿಯಮವನ್ನು 2023ರ ಜನವರಿ 24ರಂದು ಸಡಿಲಿಸಿತು. ಇಬ್ಬರು ಸಾಕ್ಷಿಗಳ ಮುಂದೆ ಬರೆದು ನೋಟರಿ ಅಥವಾ ಗೆಜೆಟೆಡ್ ಅಧಿಕಾರಿಯ ದೃಢೀಕರಣ ಇದ್ದರಾಯಿತು. ಪತ್ರಿಕೆಯಲ್ಲಿ ಇದನ್ನು ಓದಿ ಹೇಳಿದಾಗ ತಂದೆ ನೋಟರಿಯನ್ನು ಮನೆಗೇ ಕರೆಸಿದರು. ಇಬ್ಬರು ಸಾಕ್ಷಿಗಳು ಗಂಜಿನವರೇ. ಕಾಗದದ ವ್ಯವಹಾರ ಕ್ರಮಪ್ರಕಾರ ಆಗುವುದನ್ನು ನೋಡುವಾಗ ಅವರ ಮುಖದಲ್ಲಿದ್ದ ತೃಪ್ತಿಯನ್ನು ನಾನು ಮರೆಯುವಂತಿಲ್ಲ. ನಮ್ಮ ರಾಜ್ಯದ ಆರೋಗ್ಯ ಇಲಾಖೆ ಈ ತೀರ್ಪನ್ನು ಜಾರಿಗೊಳಿಸುವ ಸುತ್ತೋಲೆ ಹೊರಡಿಸಿದ್ದು 2025ರ ಜನವರಿ 30ರಂದು, ಅವರು ಹೋಗಿ ಎರಡು ವರ್ಷವಾಗುತ್ತ ಬಂದಾಗ.

ಅವರ ಸೇವೆ ಮಾಡಿದವರ ಬಗ್ಗೆ ಒಂದು ಮಾತು ಹೇಳದೆ ಮುಂದೆ ಹೋಗಲಾರೆ. ಹಗಲು ಅವ್ವ, ರಾತ್ರಿ ನಾನು ಎಂದು ಶುರುವಾದದ್ದು ಮೂರು ವಾರಕ್ಕೇ ಕುಸಿಯಿತು. ಒಂದು ನಸುಕಿನಲ್ಲಿ, ನಾಲ್ಕನೆಯ ಸಲ ಹಾಸಿಗೆ ಬದಲಿಸುವಾಗ, ನಾನು ಅವರ ಮೇಲೆ ರೇಗಿದೆ. ಏನು ಹೇಳಿದೆನೆಂದು ಬರೆಯುವುದಿಲ್ಲ. ಅದು ನನ್ನ ಖಾತೆಯಲ್ಲಿದೆ. ಮರುದಿನದಿಂದ ಅತ್ತೆಯ ಮಕ್ಕಳು, ಪಕ್ಕದ ಮನೆಯ ಮೈಬೂಬಿ ಚಾಚಿ, ಗಂಜಿನ ಇಬ್ಬರು ಹಮಾಲರು ಪಾಳಿ ಹಾಕಿಕೊಂಡರು. ಐವತ್ತು ಕಿಲೊ ಚೀಲ ಹೊತ್ತ ಹೆಗಲುಗಳು ಮೂಳೆ ಹಗುರಾದ ಮನುಷ್ಯನನ್ನು ಮಗ್ಗುಲು ಹೊರಳಿಸುವಾಗ ತೋರುವ ನಯವನ್ನು ಯಾವ ನರ್ಸಿಂಗ್ ಶಾಲೆಯೂ ಕಲಿಸಲಾರದು.

ಕಳೆದ ವರ್ಷ ಸಿಂಧನೂರು, ಗಂಗಾವತಿ ಹಾದು ಕೊಪ್ಪಳಕ್ಕೆ ಹೋಗಿದ್ದಾಗ ಪಾಲ್ಕಿಗುಂಡಿನ ಗುಡ್ಡ ಹತ್ತಿದೆ. ಅಶೋಕನ ಶಾಸನ ನೋಡಲು ಹೋದವನು ಬಹಳ ಹೊತ್ತು ನಿಂತದ್ದು ಬಂಡೆಯಲ್ಲಿ ಕೆತ್ತಿದ ಒಂದು ಜೊತೆ ಪಾದಗಳ ಮುಂದೆ. ಜಟಾಸಿಂಗನಂದಿ ಆಚಾರ್ಯರ ಪಾದಗಳನ್ನು ಚಾವಯ್ಯ ಮಾಡಿಸಿದನೆಂದು ಅಲ್ಲಿಯ ಹಳಗನ್ನಡ ಬರಹ ಹೇಳುತ್ತದೆ. ಕೊಪಣ ಎಂದು ಹೆಸರಾಗಿದ್ದ ಈ ಊರು ಜೈನರಿಗೆ ಮಹಾತೀರ್ಥ. ಸಲ್ಲೇಖನ, ಅಂದರೆ ಅನ್ನನೀರು ಬಿಡುತ್ತ ಸಾವನ್ನು ಎದುರುಗೊಳ್ಳುವ ಜೈನ ವ್ರತ, ಕೈಗೊಂಡು ದೇಹ ಬಿಟ್ಟವರ ನಿಸಿದಿ ಎಂಬ ಸ್ಮಾರಕಗಳು ಇಲ್ಲಿ ಸಿಗುತ್ತವೆ. ಸಲ್ಲೇಖನದ ಸರಿತಪ್ಪುಗಳನ್ನು ತೂಗುವವನು ನಾನಲ್ಲ. 2015ರಲ್ಲಿ ರಾಜಸ್ಥಾನದ ಹೈಕೋರ್ಟು ಅದನ್ನು ಅಪರಾಧವೆಂದದ್ದಕ್ಕೆ ಅದೇ ತಿಂಗಳು ಸುಪ್ರೀಂ ಕೋರ್ಟು ತಡೆ ಕೊಟ್ಟಿದೆ. ನನ್ನನ್ನು ಹಿಡಿದು ನಿಲ್ಲಿಸಿದ್ದು ಇನ್ನೊಂದು. ವಡ್ಡಾರಾಧನೆಯ ಕಥೆಗಳಿಗೆ ಮೂಲವಾದ ಪ್ರಾಕೃತದ ಭಗವತೀ ಆರಾಧನಾ ಗ್ರಂಥದಲ್ಲಿ ಸಲ್ಲೇಖನದವನ ಸೇವೆಗೆ ನಿರ್ಯಾಪಕರು ಎಂಬ 48 ಜನರನ್ನು ಹೇಳಿದೆ: ಮೈ ಹೊರಳಿಸಿ ಕೂರಿಸಲು ಕೆಲವರು, ಧರ್ಮಕಥೆ ಹೇಳಲು ಕೆಲವರು, ಮಲಮೂತ್ರ ತೆಗೆಯಲು ಕೆಲವರು, ರಾತ್ರಿ ಎಚ್ಚರವಿರಲು ಕೆಲವರು. ಅಷ್ಟು ಜನ ಸಿಗದಿದ್ದರೆ ಕಡಿಮೆಯಾಗಬಹುದು, ಆದರೆ ಇಬ್ಬರಿಗಿಂತ ಕಡಿಮೆಯಾಗಬಾರದು. ಒಬ್ಬನೇ ಆದರೆ ಒಂದೋ ತನ್ನನ್ನು ಕೆಡಿಸಿಕೊಳ್ಳುತ್ತಾನೆ, ಇಲ್ಲ ರೋಗಿಯನ್ನು ಕೈಬಿಡುತ್ತಾನೆ. ಅದನ್ನು ಬರೆದವರೂ ಯಾವುದೋ ನಸುಕಿನಲ್ಲಿ ಯಾರ ಮೇಲೋ ರೇಗಿದ್ದವರೇ ಇರಬೇಕು.

ಕೊನೆಯ ಹತ್ತು ದಿನಗಳಲ್ಲಿ ಅವರು ಊಟ ಬಿಟ್ಟರು. ಅತ್ತೆ ಗಂಜಿಯ ಬಟ್ಟಲು ಹಿಡಿದು ಅಳುತ್ತ ಕೂರುತ್ತಿದ್ದಳು. ಉಣ್ಣದೇ ಇರುವುದರಿಂದ ಅವರು ಸಾಯುತ್ತಿಲ್ಲ, ಸಾಯುತ್ತಿರುವುದರಿಂದ ಉಣ್ಣುತ್ತಿಲ್ಲ ಎಂದು ಹೈದರಾಬಾದಿನ ವೈದ್ಯೆ ಫೋನಿನಲ್ಲಿ ಬಿಡಿಸಿ ಹೇಳಿದರು; ಒತ್ತಾಯ ಮಾಡಿ ಹಾಕಿದ್ದು ಉಸಿರಿನ ಕೊಳವೆಗೆ ಇಳಿಯಬಹುದು, ತುಟಿ ನಾಲಿಗೆಯನ್ನು ಒದ್ದೆ ಬಟ್ಟೆಯಿಂದ ತೇವವಾಗಿಡಿ, ಅಷ್ಟೇ ಸಾಕು ಎಂದರು. ಅತ್ತೆಗೆ ಆ ಕೆಲಸ ಒಪ್ಪಿಸಿದೆವು. ಬಿಳಿಯ ಅರಿವೆಯ ತುಣುಕನ್ನು ನೀರಲ್ಲಿ ಅದ್ದಿ, ಹಿಂಡಿ, ತುಟಿಯ ಒಂದು ಮೂಲೆಯಿಂದ ಇನ್ನೊಂದು ಮೂಲೆಗೆ ಒರೆಸುವುದು, ಅರ್ಧ ತಾಸಿಗೊಮ್ಮೆ. ಅಳು ತಾನಾಗಿ ನಿಂತಿತು.

ಆಮೇಲೆ ಉಸಿರಿನ ಲಯ ಬದಲಾಯಿತು: ನಾಲ್ಕಾರು ಆಳವಾದ ಉಸಿರು, ನಂತರ ನಿಲುಗಡೆ, ನಾವೆಲ್ಲ ತಲೆ ಎತ್ತಿ ನೋಡುವಷ್ಟು ದೀರ್ಘ, ಮತ್ತೆ ಶುರು. ಪಾದ ತಣ್ಣಗಾದವು. ಹೀಗಾಗುತ್ತದೆ ಎಂದು ಮೊದಲೇ ಹೇಳಿದ್ದರಿಂದ ಯಾರೂ ಆಂಬುಲೆನ್ಸ್ ಕರೆಯಲಿಲ್ಲ. ಕಿವಿ ಕೊನೆಯವರೆಗೂ ಕೇಳುತ್ತದೆ ಎನ್ನುತ್ತಾರಾದ್ದರಿಂದ ಅವ್ವ ಪಕ್ಕದಲ್ಲಿ ಕೂತು ಮಾತಾಡುತ್ತಲೇ ಇದ್ದಳು: ಹತ್ತಿಯ ಪೇಟೆ ಹೇಗಿದೆ, ಯಾರು ಬಂದಿದ್ದರು, ಹಾಲಿನವನಿಗೆ ಎಷ್ಟು ಕೊಟ್ಟೆ. ಮಾತಿನ ನಡುವೆ ಅವಳ ಬೆರಳು ಅವರ ಹುಬ್ಬಿನ ಮೇಲೆ ಏನನ್ನೋ ಬಿಡಿಸುತ್ತಿತ್ತು. ಅಲ್ಲಿ ಹತ್ತಿ ಇರಲಿಲ್ಲ. ಪಾದೋದಕ ತುಟಿಗೆ ತಾಕಿಸಿದ ಮೇಲೆ, ಬೆಳಗಿನ ಜಾವ, ಒಂದು ನಿಲುಗಡೆ ಮುಗಿಯಲಿಲ್ಲ.

ಮೂರನೆಯ ದಿನ ಸಮಾಧಿಗೆ ಹಾಲು ತುಪ್ಪ ಎರೆದು ಬಂದಾಗ ಹಮಾಲನೊಬ್ಬ ಕಟ್ಟೆಯ ಮೇಲೆ ಕಾಯುತ್ತಿದ್ದ. 300 ರೂಪಾಯಿಯ ಬಾಬ್ತಿನವನು. ಮಗಳ ಕಾಯಿಲೆಗೆಂದು ಎಂದೋ 3,000 ಇಸಿದುಕೊಂಡು 2,700 ಮುಟ್ಟಿಸಿದ್ದ. ಉಳಿದದ್ದರ ಮುಂದೆ ತಂದೆ ತಮ್ಮ ಕೈಯಿಂದಲೇ "ಬಿಟ್ಟದ್ದು" ಎಂದು ಬರೆದು ಅಡ್ಡಗೆರೆ ಎಳೆದಿದ್ದರು. ಅದನ್ನು ಹೇಳಿದೆ. ಅವನು ಮಡಚಿದ ಮೂರು ನೋಟುಗಳನ್ನು ನನ್ನ ಮುಂದೆ ಇಟ್ಟ. ಪುಸ್ತಕ ತಂದು ತೋರಿಸಿದೆ, ಅಪ್ಪನೇ ಬಿಟ್ಟಿದ್ದಾರೆ, ಬೇಡ ಎಂದೆ. "ಅವರು ಬಿಟ್ಟಾರ. ನಾ ಎಲ್ಲಿ ಬಿಟ್ಟೀನಿ?" ಎಂದ.

ಕೂತು, ಪೆನ್ನು ತೆಗೆದು, ಗೆರೆ ಎಳೆದ ಸಾಲಿನ ಕೆಳಗೆ 300 ಎಂದು ಜಮಾ ಮಾಡಿ, ಮುಂದೆ "ಮುಟ್ಟಿತು" ಎಂದು ಬರೆದೆ. ಅವನಿಗೆ ಓದಲು ಬರುವುದಿಲ್ಲ. ಆದರೆ ಮೂವತ್ತು ವರ್ಷ ಗಂಜಿನಲ್ಲಿ ನೋಡಿದ ಆ ಪದದ ಆಕಾರ ಗೊತ್ತಿದೆ. ಬಗ್ಗಿ ನೋಡಿದ, ಬೆರಳಿನಿಂದ ಅದರ ಕೆಳಗಿನ ಖಾಲಿ ಜಾಗ ತೋರಿಸಿದ.

"ತಾರೀಖು?"

ಬರೆದೆ.